ಏರುವ ಮೆಟ್ಟಿಲಿನ ಬುಡದಲ್ಲಿ

ಮಾಲ್ ಮುಚ್ಚಿಹೋಯಿತಲ್ಲ, ಪಾಪ, ಎಂದು ಮರುಗುವವರನ್ನು ಕಂಡರೆ ನನಗೆ ಮೈ ಉರಿಯುತ್ತದೆ. ಮೊನ್ನೆ ಬಸ್ಸಿನಲ್ಲಿ ಪಕ್ಕದಲ್ಲಿ ಕೂತಿದ್ದ ಹೆಂಗಸು ಕಿಟಕಿಯಿಂದ ಆ ಕಟ್ಟಡ ನೋಡಿ, "ಎಷ್ಟ್ ಚೆಂದ ಇತ್ರಿ. ನಮ್ ಮಂದಿಗೆ ಅದನ್ನ ಉಳಿಸ್ಕೊಳ್ಳಾಕ ಬರಲಿಲ್ಲ" ಅಂದರು.  ನಾನು ಉತ್ತರ ಕೊಡಲು ಶುರುಮಾಡಿದ್ದರೆ ಬಸ್ಸು ಹಗರಿಬೊಮ್ಮನಹಳ್ಳಿ ಮುಟ್ಟಿದರೂ ಮುಗಿಯುತ್ತಿರಲಿಲ್ಲ. ಅವರಿಗೆ ಹೇಳದೆ ನುಂಗಿಕೊಂಡದ್ದನ್ನು ಇಲ್ಲಿ ಬರೆಯುತ್ತಿದ್ದೇನೆ.

ಆ ಮಾಲಿನಲ್ಲಿ ನಾನು ಆರು ವರ್ಷ ಕೆಲಸ ಮಾಡಿದೆ. ಕೊಟ್ಟೂರಿನ ಹೊರಗೆ, ಹೆಸರುಕಾಳಿನ ಹೊಲವಿದ್ದ ಜಾಗದಲ್ಲಿ ಎದ್ದ ಮೂರಂತಸ್ತಿನ ಗಾಜಿನ ಕಟ್ಟಡ. ಕೆಳಗೆ ಕಿರಾಣಿ ಮತ್ತು ಪಾತ್ರೆ, ಮೊದಲ ಅಂತಸ್ತಿನಲ್ಲಿ ಬಟ್ಟೆ, ಅದರ ಮೇಲೆ ಮಕ್ಕಳ ಆಟ ಮತ್ತು ಎರಡು ಸಿನಿಮಾ ಪರದೆ. ಸುತ್ತಲಿನ ಐದು ತಾಲ್ಲೂಕಿಗೂ ಇದೊಂದೇ ಮಾಲ್. ಅದರೊಳಗೆ ನಮ್ಮ ಕಡೆಯ ಜನ ಅಲ್ಲಿಯವರೆಗೆ ಕಂಡಿರದ ಒಂದು ವಸ್ತುವಿತ್ತು: ಎಸ್ಕಲೇಟರ್. ಜನರು ಅದಕ್ಕೆ ಏರೋ ಮೆಟ್ಲು ಎಂದು ಹೆಸರಿಟ್ಟರು. ನನ್ನ ಕೆಲಸ ಆ ಮೆಟ್ಟಿಲಿನ ಬುಡದಲ್ಲಿ ನಿಂತು, ಹತ್ತಲು ಹೆದರುವವರ ಕೈ ಹಿಡಿದು ಹತ್ತಿಸುವುದು.

ಅದಕ್ಕೆ ಮೊದಲು ನಾನು ಒಂದು ಶಿಶುವಿಹಾರದಲ್ಲಿ ಮಕ್ಕಳನ್ನು ನೋಡಿಕೊಳ್ಳುತ್ತಿದ್ದೆ. ಮಾಲಿನ ಮ್ಯಾನೇಜರ್ ದಾವಣಗೆರೆಯವನು. ಕೆಲಸ ಕೇಳಲು ಹೋದಾಗ ಅವನು ನನ್ನ ಓದಿನ ಬಗ್ಗೆ ಕೇಳಲಿಲ್ಲ. "ದನಿ ಜೋರೈತಾ? ಅಜ್ಜಿಗಳನ್ನ ಎತ್ತೋಷ್ಟು ಶಕ್ತಿ ಐತಾ?" ಎಂದು ಕೇಳಿದ. ಎರಡೂ ಇದೆ ಅಂದೆ. ನನ್ನ ಜೊತೆಗೆ ಹಗರಿಬೊಮ್ಮನಹಳ್ಳಿಯ ಇನ್ನೊಬ್ಬಳನ್ನು ತೆಗೆದುಕೊಂಡರು. ಅವಳು ಮೆಟ್ಟಿಲಿನ ತುದಿಯಲ್ಲಿ ನಿಂತು, ಮೇಲೆ ಬಂದವರನ್ನು ಇಳಿಸಿಕೊಳ್ಳಬೇಕು. ಹೀಗಾಗಿ ಮಾಲಿನವರೆಲ್ಲ ನನ್ನನ್ನು ಕೆಳಗಿನಾಕಿ, ಅವಳನ್ನು ಮೇಲಿನಾಕಿ ಎಂದೇ ಕರೆಯುತ್ತಿದ್ದರು.

ಯಂತ್ರ ಕೂಡಿಸಲು ಹುಬ್ಬಳ್ಳಿಯಿಂದ ಬಂದಿದ್ದ ಮೆಕ್ಯಾನಿಕ್ ನಮ್ಮಿಬ್ಬರಿಗೂ ಒಂದು ಮಧ್ಯಾಹ್ನ ಪಾಠ ಮಾಡಿದ. ಹಳದಿ ಗೆರೆಯ ಒಳಗೆ ಕಾಲಿಡಿಸಬೇಕು. ಸೀರೆಯ ನೆರಿಗೆ ಒಂದು ಗೇಣು ಎತ್ತಿ ಹಿಡಿಯಲು ಹೇಳಬೇಕು. ಏನೇ ಹೆಚ್ಚುಕಡಿಮೆಯಾದರೂ ಕೆಂಪು ಗುಂಡಿ ಒತ್ತಬೇಕು. ಆಮೇಲೆ ನಮ್ಮನ್ನು ಮೇಲೆ ಕರೆದುಕೊಂಡು ಹೋಗಿ, ಮೆಟ್ಟಿಲು ನೆಲದೊಳಗೆ ಇಳಿಯುವ ಜಾಗದಲ್ಲಿ ಬಾಚಣಿಗೆಯಂತೆ ಸಾಲಾಗಿದ್ದ ಹಲ್ಲುಗಳನ್ನು ತೋರಿಸಿದ. "ಇದರ ಜೀವ ಎಲ್ಲಾ ಈ ಹಲ್ಲಿನ್ಯಾಗ ಐತಿ ನೋಡ್ರಿ. ಒಂದು ಮುರದ್ರೂ ಮಷೀನ್ ಬಂದ್ ಮಾಡಿ ನಮಗ ಫೋನ್ ಹಚ್ಚಬೇಕು. ನಾಳಿ ನೋಡೂಣು ಅನ್ನಂಗಿಲ್ಲ" ಅಂದ. ಅವನ ಮಾತು ನನಗೆ ಅಕ್ಷರಶಃ ನೆನಪಿದೆ. ಇದನ್ನು ಮುಂದೆ ಕೋರ್ಟಿನಲ್ಲೂ ಹೇಳಿದೆ.

ಮೊದಲ ಎರಡು ವರ್ಷ ನನಗೆ ಆ ಕೆಲಸದ ಮೇಲೆ ಎಷ್ಟು ಪ್ರೀತಿಯಿತ್ತೆಂದರೆ, ಈಗ ಅದನ್ನು ನೆನೆದರೂ ನನ್ನ ಮೇಲೆ ನನಗೇ ಸಿಟ್ಟು ಬರುತ್ತದೆ. ಹಡಗಲಿಯಿಂದ, ಮಾಗಳದಿಂದ, ಹರಪನಹಳ್ಳಿಯಿಂದ ಮದುವೆ ಜವಳಿಗೆಂದು ಟ್ರ್ಯಾಕ್ಸ್ ಗಾಡಿ ಬಾಡಿಗೆಗೆ ಮಾಡಿಕೊಂಡು ಜನ ಬರುತ್ತಿದ್ದರು. ಜವಳಿ ಆಮೇಲೆ, ಮೊದಲು ಏರೋ ಮೆಟ್ಲು. ಚಪ್ಪಲಿ ಬಿಟ್ಟು ಹತ್ತುವವರಿದ್ದರು. ಮೆಟ್ಟಿಲನ್ನು ಮುಟ್ಟಿ ಕಣ್ಣಿಗೆ ಒತ್ತಿಕೊಳ್ಳುವವರಿದ್ದರು. ದೊಡ್ಡ ಮೀಸೆಯ ಗೌಡರೊಬ್ಬರು ಎಲ್ಲರೆದುರು "ಇದೇನ್ ಮಹಾ" ಎಂದು ಬಂದವರು, ಕಾಲಿಡುವ ಹೊತ್ತಿಗೆ ನನ್ನ ಭುಜವನ್ನು ಎಷ್ಟು ಬಿಗಿಯಾಗಿ ಹಿಡಿದರೆಂದರೆ ಎರಡು ದಿನ ನೋವಿತ್ತು. ಒಮ್ಮೆ ಮದುಮಗಳೊಬ್ಬಳು, ಅವಳಮ್ಮ, ಇಬ್ಬರು ಅತ್ತೆಯಂದಿರು, ನಾಲ್ವರೂ ಒಬ್ಬರನ್ನೊಬ್ಬರು ತಬ್ಬಿಕೊಂಡು ಕಣ್ಣು ಮುಚ್ಚಿಕೊಂಡು ಹೋದರು. ಮೇಲಿನಾಕಿ ಅವರನ್ನು ಒಂದೇ ಗಂಟಿನಂತೆ ಎಳೆದು ಇಳಿಸಿಕೊಂಡಳು. ಅವರು ನಕ್ಕ ನಗು ಮಾಲಿನ ತುಂಬ ಕೇಳಿಸಿತ್ತು.

ದಿನಕ್ಕೆ ಹತ್ತು ಗಂಟೆ ನಿಂತೇ ಇರುತ್ತಿದ್ದೆವು. ಕೂರಲು ಸ್ಟೂಲ್ ಕೇಳಿದ್ದಕ್ಕೆ ಮ್ಯಾನೇಜರ್, "ಕೂತ್ರೆ ಮಾಲಿಗೆ ಲುಕ್ ಇರಲ್ಲಮ್ಮ" ಅಂದಿದ್ದ. ಸಂಜೆ ಹೊತ್ತಿಗೆ ಪಾದ ಊದಿ ಚಪ್ಪಲಿ ಹಿಡಿಯುತ್ತಿರಲಿಲ್ಲ. ಆದರೂ ಸಹಿಸಿಕೊಂಡೆ, ಯಾಕೆಂದರೆ ಜನ ನನ್ನನ್ನು ನಂಬಿ ಕೈ ಕೊಡುತ್ತಿದ್ದರು. ಗಟ್ಟಿ ಕೈ, ಬೆವರಿದ ಕೈ, ನಡುಗುವ ಕೈ. ಯಾರ ಕೈಯನ್ನೂ ನಾನು ತಾತ್ಸಾರದಿಂದ ಹಿಡಿಯಲಿಲ್ಲ.

ಇಲ್ಲ, ಇದು ಪೂರ್ತಿ ನಿಜವಲ್ಲ. ಮೂರನೆಯ ವರ್ಷ ಮ್ಯಾನೇಜರ್ ನನ್ನನ್ನು ಕರೆದು, "ಕಂಬಳಿ ಹೊದ್ಕೊಂಡು ಬರೋರನ್ನ, ಬರಿಗಾಲಲ್ಲಿ ಬರೋರನ್ನ ಹಿಂದಿನ ಮೆಟ್ಲಿಗೆ ಕಳ್ಸು. ಅವ್ರು ತಗಳಲ್ಲ, ಬಿಡಲ್ಲ, ಸುಮ್ನೆ ಜಾತ್ರೆ ಮಾಡ್ತಾರೆ" ಅಂದ. ಹಿಂದಿನ ಮೆಟ್ಟಿಲು ಎಂದರೆ ಸಾಮಾನು ಸಾಗಿಸುವ ಕತ್ತಲೆ ಮೆಟ್ಟಿಲು. ನಾನು ಎದುರು ಮಾತಾಡಲಿಲ್ಲ. ಕುರಿ ಕಾಯುವ ಮನೆತನದ ಗಂಡಸರು, ಹೆಗಲ ಮೇಲೆ ಕಂಬಳಿ ಹಾಕಿಕೊಂಡು ಹೆಂಡತಿ ಮಕ್ಕಳ ಜೊತೆ ಬಂದವರು, ಅವರನ್ನೆಲ್ಲ "ಮಷೀನ್ ರಿಪೇರಿ ಐತ್ರಿ, ಹಿಂದ್ ಹೋಗ್ರಿ" ಎಂದು ಕಳಿಸಿದೆ. ಮಷೀನ್ ನನ್ನ ಬೆನ್ನ ಹಿಂದೆ ಓಡುತ್ತಲೇ ಇತ್ತು. ಅವರಿಗೆ ಕಣ್ಣಿರಲಿಲ್ಲವೇ? ಒಬ್ಬರು ಮಾತ್ರ ಓಡುವ ಮೆಟ್ಟಿಲನ್ನೂ ನನ್ನ ಮುಖವನ್ನೂ ನೋಡಿ, "ಆತು ಬಿಡವ್ವಾ" ಎಂದು ಮಕ್ಕಳನ್ನು ಕರೆದುಕೊಂಡು ಹೊರಗೇ ಹೋಗಿಬಿಟ್ಟರು. ಮೇಲಿನಾಕಿ ಅದನ್ನು ನೋಡಿದ್ದಳು. ಊಟದ ಹೊತ್ತಿನಲ್ಲಿ ಅವಳು, "ನೀನೂ ಆ ಮ್ಯಾನೇಜರನ ಹಂಗ ಆಗಾಕತ್ತಿ" ಎಂದಳು. ಆ ದಿನ ಅವಳ ಮೇಲೆ ಸಿಟ್ಟಾಗಿ ನಾನು ರೊಟ್ಟಿಯ ಡಬ್ಬಿ ಮುಚ್ಚಿ ಎದ್ದುಹೋಗಿದ್ದೆ.

ಆಮೇಲೆ ಕೊರೊನಾ ಬಂತು. ಎಲ್ಲ ಕಡೆಯಂತೆ ಇಲ್ಲೂ ಬಾಗಿಲು ಹಾಕಿದರು. ತೆರೆದಾಗ ಸಿನಿಮಾ ಪರದೆಗಳು ತೆರೆಯಲಿಲ್ಲ. ಮಕ್ಕಳ ಆಟದವನು ಗೊಂಬೆ ಕಾರುಗಳನ್ನು ಲಾರಿಗೆ ಹೇರಿಕೊಂಡು ಹೋದ. ಬಟ್ಟೆಯ ದೊಡ್ಡ ಅಂಗಡಿ ಹೊಸಪೇಟೆಗೆ ಹೋಯಿತು. ಮಾಲೀಕ ಅಂಗಡಿಯವರ ಬಾಡಿಗೆ ಏರಿಸುತ್ತ ಹೋದಂತೆ ಷಟರ್‌ಗಳು ಒಂದೊಂದಾಗಿ ಇಳಿದವು. ಜನ ಫೋನಿನಲ್ಲೇ ಸೀರೆ ತರಿಸಿಕೊಳ್ಳುವುದನ್ನು ಕಲಿತಿದ್ದರು. ಇದರಲ್ಲಿ ಯಾರದೂ ತಪ್ಪಿಲ್ಲ, ವ್ಯಾಪಾರ ಅಂದಮೇಲೆ ಏರುತ್ತದೆ, ಇಳಿಯುತ್ತದೆ. ನನ್ನ ಸಿಟ್ಟು ಅದರ ಮೇಲಲ್ಲ. ಇಳಿಯುವಾಗ ಮಾಲೀಕ ಏನನ್ನು ಕಡಿಮೆ ಮಾಡಿದ, ಏನನ್ನು ಉಳಿಸಿಕೊಂಡ ಎನ್ನುವುದರ ಮೇಲೆ ನನ್ನ ಸಿಟ್ಟು.

ಮೊದಲು ಎಸಿ ನಿಲ್ಲಿಸಿದರು. ಹೆಂಗಸರ ಶೌಚಾಲಯಕ್ಕೆ ಬೀಗ ಹಾಕಿದರು, ನೀರಿನ ಖರ್ಚಂತೆ. ನಾವು ಪಕ್ಕದ ಪೆಟ್ರೋಲ್ ಬಂಕಿಗೆ ಹೋಗಬೇಕಾಯಿತು. ಹೊರಗಿನ ಬಣ್ಣದ ದೀಪಗಳು ಮಾತ್ರ ಕೊನೆಯ ದಿನದವರೆಗೂ ಉರಿದವು. ಹುಬ್ಬಳ್ಳಿಯ ಮೆಕ್ಯಾನಿಕ್ ಯಂತ್ರದ ತಪಾಸಣೆಗೆ ಬರುವುದನ್ನು ನಿಲ್ಲಿಸಿದರು. ಆಮೇಲೆ ಮೇಲಿನಾಕಿಯನ್ನು ಬಿಡಿಸಿದರು.

ಆ ದಿನ ನಾನು ಮ್ಯಾನೇಜರನ ಕೋಣೆಗೆ ಹೋದೆ. "ಮ್ಯಾಲೆ ಯಾರೂ ಇರಲಿಲ್ಲಂದ್ರ ಹೆಂಗ್ರಿ ಸರ್? ಇಳಿಯಾಕ ಬರದ ಬೀಳ್ತಾರ" ಅಂದೆ.

ಅವನು ಫೋನಿನಿಂದ ತಲೆ ಎತ್ತದೆ, "ಹತ್ತೋದಕ್ಕೆ ನೀನಿದೀಯಲ್ಲ. ಹತ್ತಿದೋರಿಗೆ ಇಳಿಯಾಕೆ ಬರಲ್ವಾ?" ಅಂದ.

"ನಾನು ಮ್ಯಾಲ್ ತನಕ ಹೋಗಿ ಬರಲೇನ್ರಿ?"

"ಕೆಳಗೆ ಜನ ನಿಂತ್ಕಂತಾರೆ. ನಿನ್ ಜಾಗ ಬಿಟ್ಟು ಅಲ್ಲಾಡ್ಬೇಡ."

ಕೆಲವು ತಿಂಗಳ ನಂತರ ಒಂದು ಬೆಳಿಗ್ಗೆ, ಬಾಗಿಲು ತೆರೆಯುವ ಮುಂಚೆ ಮೇಲಿನ ನೆಲ ಒರೆಸುತ್ತಿದ್ದಾಗ, ಬಾಚಣಿಗೆಯ ಹಲ್ಲುಗಳಲ್ಲಿ ಮೂರು ಇಲ್ಲದಿರುವುದು ಕಣ್ಣಿಗೆ ಬಿತ್ತು. ನನ್ನ ಹೆಬ್ಬೆರಳು ಸಲೀಸಾಗಿ ಹೋಗುವಷ್ಟು ಸಂದು. ಓಡಿಹೋಗಿ ಮ್ಯಾನೇಜರಿಗೆ ಹೇಳಿದೆ. ನೋಡೋಣ ಅಂದ. ವಾರ ಬಿಟ್ಟು ಮತ್ತೆ ಹೇಳಿದೆ. "ಹೇಳಿದೀನಿ ಮಾಲೀಕರಿಗೆ" ಅಂದ. ಮನೆಯಲ್ಲಿ ಗಂಡನಿಗೆ ಹೇಳಿದೆ. ಅವನು ಟ್ರ್ಯಾಕ್ಟರ್ ಗ್ಯಾರೇಜಿನಲ್ಲಿ ಕೆಲಸ ಮಾಡುವವನು, ಯಂತ್ರದ ವಿಷಯದಲ್ಲಿ ತಮಾಷೆ ಮಾಡುವುದಿಲ್ಲ. "ಅದು ಬಟ್ಟಿ ಎಳೀತದ, ಕಾಲು ಎಳೀತದ. ನಾಳಿ ಹೋಗಿ ಕೆಂಪು ಗುಂಡಿ ಒತ್ತಿಬಿಡು. ಆದದ್ದಾಗಲಿ" ಅಂದ.

ಒತ್ತಿದೆ. ಅದನ್ನು ನಾನು ಯಾವ ಕೋರ್ಟಿನಲ್ಲಾದರೂ ತಲೆ ಎತ್ತಿ ಹೇಳುತ್ತೇನೆ. ಮೆಟ್ಟಿಲು ನಿಂತಿತು. ಹತ್ತು ನಿಮಿಷದಲ್ಲಿ ಮ್ಯಾನೇಜರ್ ಬಂದು ಗಿರಾಕಿಗಳೆದುರೇ ಕೂಗಾಡಿದ. "ಮಾಲ್ ಮುಚ್ಚೈತೆ ಅಂತ ಊರೆಲ್ಲ ಡಂಗುರ ಹೊಡೀಬೇಕಾ? ಈ ಮೆಟ್ಲು ನೋಡಾಕೇ ಜನ ಬರೋದು. ಇನ್ನೊಂದ್ಸಲ ಗುಂಡಿ ಮುಟ್ಟಿದ್ರೆ ನಾಳೆಯಿಂದ ಬರಬೇಡ." ಬೀಗದ ಕೈ ತಿರುಗಿಸಿದ. ಮೆಟ್ಟಿಲು ಮತ್ತೆ ಓಡಿತು. ಮರುದಿನ ನಾನು ಗುಂಡಿ ಮುಟ್ಟಲಿಲ್ಲ. ಅದರ ಮರುದಿನವೂ ಮುಟ್ಟಲಿಲ್ಲ. ಹತ್ತುವವರಿಗೆ "ಮ್ಯಾಲೆ ಹೋದಕೂಡ್ಲೆ ಕಾಲು ಎತ್ತಿ ಇಡ್ರಿ, ಎತ್ತಿ ಇಡ್ರಿ" ಎಂದು ಕೂಗುವುದೊಂದನ್ನೇ ಮಾಡಿದೆ.

ಅದು ಒಂದು ಬುಧವಾರದ ಮಧ್ಯಾಹ್ನ. ಕಾನಹೊಸಹಳ್ಳಿ ಕಡೆಯ ಹಳ್ಳಿಯೊಂದರಿಂದ ಅಜ್ಜಿ ಮತ್ತು ಸೊಸೆ ಬಂದರು. ಮೊಮ್ಮಗಳ ಸೀಮಂತಕ್ಕೆ ಹಸಿರು ಸೀರೆ ಬೇಕಿತ್ತು. ಮೇಲೆ ಉಳಿದಿದ್ದ ಒಂದೇ ಒಂದು ಬಟ್ಟೆಯಂಗಡಿಗೆ ಹೋಗಬೇಕು. ಸೊಸೆ ಧೈರ್ಯವಾಗಿ ಮುಂದೆ ಹತ್ತಿದಳು. ಅಜ್ಜಿ ನನ್ನ ಕೈ ಹಿಡಿದರು. ಕುರಿ ಉಣ್ಣೆ ನೂತು ನೂತು ಒರಟಾದ ಬೆರಳುಗಳು.

"ನಾ ಇದನ್ನ ಹತ್ತಿಲ್ಲವ್ವಾ. ಕೈ ಬಿಡಬ್ಯಾಡ."

"ಬಿಡಂಗಿಲ್ಲವ್ವಾ, ಬರ್ರಿ" ಅಂದೆ.

ಹಳದಿ ಗೆರೆಯ ಒಳಗೆ ಕಾಲಿಡಿಸಿದೆ. ಒಂದು ಹೆಜ್ಜೆ ಅವರ ಜೊತೆಗೇ ಹತ್ತಿದೆ. ಹಿಂದೆ ಇನ್ನೂ ಮೂವರು ನಿಂತಿದ್ದರು. ನನ್ನ ಜಾಗ ಬಿಟ್ಟು ಅಲ್ಲಾಡಬಾರದಿತ್ತು. ಕೈ ಬಿಟ್ಟು ಕೆಳಗಿಳಿದೆ. ಅಜ್ಜಿ ತಿರುಗಿ ನನ್ನನ್ನೇ ನೋಡುತ್ತ ಮೇಲೆ ಹೋದರು. ಮುಂದೆ ನೋಡಬೇಕಾದವರು ನನ್ನನ್ನು ನೋಡುತ್ತಿದ್ದರು. "ಮುಂದ ನೋಡ್ರಿ, ಕಾಲೆತ್ರಿ" ಎಂದು ಕೂಗಿದೆ. ಮೇಲೆ ಅವರನ್ನು ಇಳಿಸಿಕೊಳ್ಳಲು ಯಾರೂ ಇರಲಿಲ್ಲ, ಸೊಸೆ ಆಗಲೇ ಅಂಗಡಿಯತ್ತ ಹೆಜ್ಜೆ ಹಾಕಿದ್ದಳು. ಮೊದಲು ಸೀರೆಯ ಅಂಚು ಆ ಸಂದಿಗೆ ಹೋಯಿತು. ಅದರ ಹಿಂದೆ ಕಾಲು.

ಆ ಕೂಗನ್ನು ನಾನು ವರ್ಣಿಸುವುದಿಲ್ಲ. ಕೆಂಪು ಗುಂಡಿ ಒತ್ತಿ, ನಿಂತ ಮೆಟ್ಟಿಲುಗಳನ್ನು ಹತ್ತಿ ಓಡಿದೆ. ಸೊಸೆ ಅಜ್ಜಿಯನ್ನು ತೊಡೆಯ ಮೇಲೆ ಹಾಕಿಕೊಂಡು ಕೂತಿದ್ದಳು. ಬಟ್ಟೆಯಂಗಡಿಯವನು ಕತ್ತರಿ ತಂದು ಸೀರೆ ಕತ್ತರಿಸಿದ. ಕಾಲು ಬಿಡಿಸಿ, ಅಂಗಡಿಯ ಹೊಸ ಟವೆಲ್ ಸುತ್ತಿ, ಗಾಡಿಯಲ್ಲಿ ಆಸ್ಪತ್ರೆಗೆ ಕಳಿಸಿದೆವು. ಅಜ್ಜಿ ಎಡಗಾಲಿನ ಎರಡು ಬೆರಳು ಕಳೆದುಕೊಂಡರು.

ಗಾಡಿ ಗೇಟು ದಾಟುತ್ತಿದ್ದಂತೆ ಮ್ಯಾನೇಜರ್ ಉಗ್ರಾಣದಿಂದ ಒಂದು ಬೋರ್ಡು ತಂದ. "ಎಚ್ಚರಿಕೆ: ವೃದ್ಧರು ಮತ್ತು ಸೀರೆ ಉಟ್ಟವರು ಬಳಸಬಾರದು" ಎಂದು ಬರೆದಿತ್ತು. ಆರು ವರ್ಷದಲ್ಲಿ ನಾನು ಆ ಬೋರ್ಡನ್ನು ಕಂಡಿರಲಿಲ್ಲ. ಅದರ ಮೇಲಿನ ಧೂಳನ್ನು ತನ್ನ ಕರ್ಚೀಫಿನಿಂದ ಒರೆಸಿ, ನಾನು ನಿಲ್ಲುತ್ತಿದ್ದ ಜಾಗದಲ್ಲಿ ಇಟ್ಟು, ಫೋನಿನಲ್ಲಿ ನಾಲ್ಕು ಫೋಟೊ ತೆಗೆದುಕೊಂಡ. ಮೇಲೆ ನೆಲದ ಮೇಲಿನ ರಕ್ತ ಇನ್ನೂ ಒಣಗಿರಲಿಲ್ಲ. ಸೀರೆ ಉಟ್ಟವರು ಬಳಸಬಾರದಂತೆ! ನಮ್ಮ ಕಡೆಯ ಅರ್ಧ ಜನ ಸೀರೆ ಉಟ್ಟವರು. ಅವರನ್ನು ಹತ್ತಿಸಲೆಂದೇ ನನಗೆ ಕೆಲಸ ಕೊಟ್ಟಿದ್ದರು.

ಸಂಜೆ ನನ್ನನ್ನು ಕೋಣೆಗೆ ಕರೆದ. ಟೈಪು ಮಾಡಿದ ಒಂದು ಹಾಳೆ ಮೇಜಿನ ಮೇಲಿತ್ತು. ಅಜ್ಜಿಗೆ ಬೇಡವೆಂದು ನಾನು ಹೇಳಿದೆನಂತೆ, ಬೋರ್ಡನ್ನು ಓದಿ ಹೇಳಿದೆನಂತೆ, ಆದರೂ ಅವರು ನನ್ನನ್ನು ತಳ್ಳಿ ಹತ್ತಿದರಂತೆ.

"ಇದು ಸುಳ್ರಿ ಸರ್" ಅಂದೆ.

"ಇದಕ್ಕೆ ಸೈನ್ ಹಾಕಿದ್ರೆ ಅದು ಅವರ ತಪ್ಪು. ಹಾಕ್ಲಿಲ್ಲ ಅಂದ್ರೆ ನಿನ್ ತಪ್ಪು. ಕೈ ಬಿಟ್ಟೋಳು ನೀನು. ಪೊಲೀಸ್ರು ಮೊದ್ಲು ಯಾರನ್ನ ಕರೀತಾರೆ? ಯೋಚ್ನೆ ಮಾಡು."

ನಾನು ಯೋಚನೆ ಮಾಡಲಿಲ್ಲ. ಹೆದರಿದ್ದೆ. ಸಹಿ ಹಾಕಿದೆ. ಅವನು ಹಾಳೆಯನ್ನು ಮಡಿಚಿ, "ಹೋಗಿ ಮೇಲೆ ಒರೆಸಿ ಮನೆಗೆ ಹೋಗು" ಅಂದ. ಒರೆಸಿ ಮನೆಗೆ ಹೋದೆ.

ಗಂಡ ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. ನಾನು ಮೂರು ವಾರ ಕೆಲಸಕ್ಕೆ ಹೋಗುತ್ತಲೇ ಇದ್ದೆ, ನಿಂತ ಮೆಟ್ಟಿಲಿನ ಬುಡದಲ್ಲಿ ಸುಮ್ಮನೆ ನಿಲ್ಲುತ್ತಿದ್ದೆ. ನಾಲ್ಕನೆಯ ವಾರ ಮೇಲಿನಾಕಿಗೆ ಫೋನ್ ಮಾಡಿ ಎಲ್ಲ ಹೇಳಿದೆ.  ಅವಳು, "ಭಾನುವಾರ ಬರ್ತೀನಿ. ಆ ಅಜ್ಜಿ ಮನಿಗೆ ಹೋಗೂಣು. ನೀನ ಹೇಳಬೇಕು, ನಾ ಹೇಳಂಗಿಲ್ಲ" ಅಂದಳು.

ಹೋದೆವು. ಅಜ್ಜಿ ಕಟ್ಟೆಯ ಮೇಲೆ ಕಾಲು ಚಾಚಿ ಕೂತಿದ್ದರು. ನನ್ನನ್ನು ಕಂಡೊಡನೆ ಗುರುತಿಸಿದರು.

"ನೀನ ಅಲ್ಲೇನು ಕೈ ಬಿಟ್ಟಾಕಿ?"

"ಹೌದ್ರವ್ವಾ."

"ಬಿಡಬ್ಯಾಡ ಅಂದಿದ್ನೆಲ್ಲ. ಬಿಡಂಗಿಲ್ಲ ಅಂದಿದ್ದೆಲ್ಲ ನೀ."

ನಾನು ಕಾಲು ಮುಟ್ಟಲು ಬಗ್ಗಿದೆ. ಅವರು ಕಾಲು ಹಿಂದೆಳೆದುಕೊಂಡರು. "ಮುಟ್ಟಬ್ಯಾಡ. ನೋವೈತಿ" ಅಂದರು. ಯಾವ ನೋವು ಎಂದು ನಾನು ಕೇಳಲಿಲ್ಲ. ಕೂತು, ಮೂರು ಹಲ್ಲಿನ ವಿಷಯ, ಬೋರ್ಡಿನ ವಿಷಯ, ನಾನು ಸಹಿ ಹಾಕಿದ ಹಾಳೆಯ ವಿಷಯ ಎಲ್ಲವನ್ನೂ ಹೇಳಿದೆ. ಸೊಸೆ ಒಳಗಿನಿಂದ ಬಂದು ನಿಂತು ಕೇಳುತ್ತಿದ್ದಳು. ಅವಳ ಮುಖ ಕೆಂಪಾಯಿತು. "ಮಾಲಿನವರು ಬಂದಿದ್ರು. ಸೇಬು ತಂದಿದ್ರು, ಒಂದು ಕಾಗದನೂ ತಂದಿದ್ರು. ನಮ್ಮದ ತಪ್ಪು ಅಂತ ಹೆಬ್ಬೆಟ್ಟು ಒತ್ತಬೇಕಂತ. ಅತ್ತಿ ಒತ್ತಲಿಲ್ಲ, ಸೇಬಿನ ಚೀಲ ಬೀದಿಗೆ ಒಗದ್ರು" ಅಂದಳು.

ಓದು ಬಾರದ ಎಪ್ಪತ್ತು ದಾಟಿದ ಅಜ್ಜಿ ಒತ್ತಲಿಲ್ಲ. ಪಿಯುಸಿ ಓದಿದ ನಾನು ಸಹಿ ಹಾಕಿದ್ದೆ.

ಅಜ್ಜಿ ನನ್ನನ್ನು ನೋಡಿ ಕೇಳಿದರು: "ಇಲ್ಲಿ ಹೇಳಿದ್ದನ್ನ ಅಲ್ಲಿ ಬಂದು ಹೇಳ್ತಿಯೇನು, ಅವರೆಲ್ಲಾ ಕುಂತಾಗ?"

"ಹೇಳ್ತೀನ್ರವ್ವಾ."

"ನೋಡೂಣು" ಅಂದರು. ನೀರು ಕುಡಿಯಿರಿ ಎಂದೂ ಅನ್ನಲಿಲ್ಲ. ಅನ್ನಬೇಕಾಗಿಯೂ ಇರಲಿಲ್ಲ.

ಮರುದಿನ ನಾನು ಕೆಲಸ ಬಿಟ್ಟೆ. ಅಜ್ಜಿಯ ಮನೆಯವರು ವಕೀಲರನ್ನು ಹಿಡಿದು ಕೂಡ್ಲಿಗಿಯಲ್ಲಿ ದಾವೆ ಹಾಕಿದರು. ಅಷ್ಟರಲ್ಲಿ ಮಾಲ್ ಮುಚ್ಚಿತು. ಮುಚ್ಚುವಾಗ ಮಾಲೀಕ ಯಾವುದೋ ಸಮಾರಂಭದಲ್ಲಿ ಮೈಕು ಹಿಡಿದು, ಈ ಭಾಗದ ಜನಕ್ಕೆ ಮಾಲ್ ಬಳಸುವ ಸಂಸ್ಕೃತಿಯೇ ಇಲ್ಲ, ನಾನು ಕಾಲಕ್ಕಿಂತ ಮುಂಚೆ ಬಂದೆ ಎಂದನಂತೆ. ಜನ ಚಪ್ಪಾಳೆ ತಟ್ಟಿದರಂತೆ. ಬಸ್ಸಿನ ಹೆಂಗಸು ನಂಬಿದ್ದು ಇದನ್ನೇ. ನಮ್ಮ ಜನ ಚಪ್ಪಲಿ ಕಳಚಿಟ್ಟು ಅವನ ಮೆಟ್ಟಿಲು ಹತ್ತಿದ್ದರು. ಮುರಿದ ಮೂರು ಹಲ್ಲು ಹಾಕಿಸಲು ಆಗದವನು ಸಂಸ್ಕೃತಿಯ ಮಾತಾಡುತ್ತಾನೆ.

ಕೋರ್ಟಿನಲ್ಲಿ ಅವನ ವಕೀಲರು ಆ ಹಾಳೆಯನ್ನು ನನ್ನ ಮುಂದೆ ಹಿಡಿದರು. "ಈ ಸಹಿ ನಿಮ್ಮದೇನಮ್ಮಾ?"

"ನಂದ್ರಿ."

"ಅಂದರೆ ಆವತ್ತು ಒಂದು ಹೇಳಿದಿರಿ, ಇವತ್ತು ಒಂದು ಹೇಳುತ್ತಿದ್ದೀರಿ. ಸುಳ್ಳು ಯಾವುದು?"

"ಕೈಯಾಗ ಹಿಡಿದೀರೆಲ್ರಿ, ಅದು ಸುಳ್ಳು. ಬರದವರು ಅವರು, ಸಹಿ ಹಾಕಿದಾಕಿ ನಾನು. ನಂದೂ ತಪ್ಪೈತಿ. ಬರ್ಕೊಳ್ರಿ."

 ನನ್ನ ದನಿ, ಮ್ಯಾನೇಜರ್ ಹುಡುಕಿದ್ದ ಆ ಜೋರು ದನಿ, ಕೋಣೆಯ ಕೊನೆಯವರೆಗೂ ಕೇಳಿಸಿತು. ಅದಾದ ಮೇಲೆ ಮೇಲಿನಾಕಿಯೂ ಸಾಕ್ಷಿ ಹೇಳಿದಳು. ಬಟ್ಟೆಯಂಗಡಿಯವನು ಬರುತ್ತೇನೆಂದು ಬರಲಿಲ್ಲ.

ವರ್ಷಗಳು ಹಿಡಿದರೂ ತೀರ್ಪು ಅಜ್ಜಿಯ ಕಡೆಗೇ ಬಂತು. ಮಾಲೀಕ ಮೇಲಿನ ಕೋರ್ಟಿಗೆ ಹೋಗಿದ್ದಾನೆ, ಅದು ಇನ್ನೂ ನಡೆದಿದೆ. ಕಟ್ಟಡದೊಳಗೆ ಈಗ ಮೆಕ್ಕೆಜೋಳದ ಚೀಲಗಳಿವೆ. ನಾನು ಒಂದು ಹೊಲಿಗೆ ಘಟಕದಲ್ಲಿ ಕೆಲಸ ಮಾಡುತ್ತೇನೆ. ಅಲ್ಲಿ ಕೂತು ಮಾಡುವ ಕೆಲಸ.

ಕಳೆದ ತಿಂಗಳು ಅಜ್ಜಿಯ ಸೊಸೆಯ ಫೋನ್ ಬಂತು. "ಅತ್ತಿ ಮಾತಾಡ್ತಾರಂತ" ಎಂದು ಅವರ ಕೈಗೆ ಕೊಟ್ಟಳು. ಇಷ್ಟು ವರ್ಷದಲ್ಲಿ ಅವರಾಗಿಯೇ ನನಗೆ ಫೋನ್ ಮಾಡಿಸಿದ್ದು ಅದೇ ಮೊದಲು.

"ಆ ಮ್ಯಾನೇಜರಗ ಏನಾತು?" ಎಂದು ಕೇಳಿದರು.

"ಏನೂ ಆಗಿಲ್ಲವ್ವಾ. ಬ್ಯಾರೆ ಊರಾಗ ದೊಡ್ಡ ಅಂಗಡಿಗೆ ಮ್ಯಾನೇಜರ್ ಆಗ್ಯಾನ."

ಅಜ್ಜಿ ಬೈಯಲು ಶುರುಮಾಡಿದರು. ಅವನನ್ನು, ಅವನ ಕರ್ಚೀಫನ್ನು, ಮಾಲೀಕನನ್ನು, ಅವನ ಗಾಜಿನ ಮನೆಯನ್ನು, ಹುಟ್ಟಿಸಿದವರನ್ನು, ಯಾರನ್ನೂ ಬಿಡಲಿಲ್ಲ. ಅಂಥ ಬೈಗುಳಗಳನ್ನು ನಾನು ಅಲ್ಲಿಯವರೆಗೆ ಕೇಳಿರಲಿಲ್ಲ.  ಹೊಲಿಗೆ ಯಂತ್ರ ನಿಲ್ಲಿಸಿ, ಹೊರಗೆ ಬೇವಿನ ಮರದ ಕೆಳಗೆ ಹೋಗಿ, ನಾನೂ ಬೈಯತೊಡಗಿದೆ.